ವೀರಪ್ಪನವರ ಲೈಟಿರುವ ಫ್ಯಾನು

ಶಿವಮೊಗ್ಗದಲ್ಲಿ ತಂಗಿ ಮಗಳ ಮದುವೆ. ನರಸಿಂಹರಾಜಪುರದಲ್ಲಿ ಭತ್ತದ ಮಂಡಿ ಇಟ್ಟಿದ್ದ ವೀರಪ್ಪನವರಿಗೆ ಬೀಗರು ಹೊಸದೊಂದು ಲಾಡ್ಜಿನಲ್ಲಿ ರೂಮು ಮಾಡಿಸಿದ್ದರು. ಬೆಳಿಗ್ಗೆ ಸ್ನಾನಕ್ಕೆಂದು ಬಚ್ಚಲು ಹೊಕ್ಕವರು ಎಷ್ಟು ಹೊತ್ತಾದರೂ ಹೊರಗೆ ಬರಲಿಲ್ಲ. ಮುಹೂರ್ತ ಹತ್ತಿರ ಬಂತೆಂದು ಹೆಂಡತಿ ಗಂಗಾಂಬಿಕೆ ಬಾಗಿಲು ಬಡಿದಾಗ, ಟವೆಲ್ಲು ಸುತ್ತಿಕೊಂಡೇ ಬಾಗಿಲು ತೆರೆದು, "ಒಳಗೆ ಬಾ, ಇಲ್ಲಿ ನೋಡು" ಎಂದು ಮೇಲೆ ಕೈ ತೋರಿಸಿದರು.

ಸೀಲಿಂಗಿನಲ್ಲಿ ಒಂದು ಬಿಳಿ ಚೌಕ. ನಡುವೆ ದೀಪ, ಸುತ್ತಲೂ ಸಣ್ಣ ಸಣ್ಣ ಸೀಳುಗಳು. ಸ್ವಿಚ್ಚು ಒತ್ತಿದರೆ ದೀಪವೂ ಹತ್ತುತ್ತಿತ್ತು, ಒಳಗೆಲ್ಲೋ ಒಂದು ಫ್ಯಾನೂ ಗುರ್ರೆಂದು ತಿರುಗುತ್ತಿತ್ತು. ಬಿಸಿನೀರಿನ ಹಬೆಯೆಲ್ಲ ಆ ಸೀಳುಗಳೊಳಗೆ ನುಗ್ಗಿ ಮಾಯವಾಗುತ್ತಿತ್ತು. ಕನ್ನಡಿಯ ಮೇಲೆ ಒಂದಿಷ್ಟೂ ಮಸುಕಿರಲಿಲ್ಲ.

"ಹಬೆ ಹೋಗೋಕೆ ಕಿಟಕಿ ಇದ್ರೆ ಸಾಕಾಗಲ್ವಾ?" ಎಂದರು ಗಂಗಾಂಬಿಕೆ.

"ಕಿಟಕಿಗೆ ಲೈಟ್ ಇರುತ್ತಾ?"

"ಹಗಲು ಹೊತ್ತು ಇರುತ್ತಪ್ಪ. ಬೇಗ ಪಂಚೆ ಉಟ್ಕೊಳ್ಳಿ."

ಮದುವೆಯೂಟದಲ್ಲಿ ಏನು ಉಂಡರೆಂಬುದು ವೀರಪ್ಪನವರಿಗೆ ನೆನಪಿರಲಿಲ್ಲ. ವಾಪಸು ಬರುವಾಗ ಬಸ್ಸಿನಲ್ಲೂ ಅದೇ ಮಾತು. ಪೇಟೆಯ ಹಿಂದಿನ ಬೀದಿಯಲ್ಲಿ ಅವರು ಆರ್‌ಸಿಸಿ ಮನೆ ಕಟ್ಟಿಸಿದಾಗ ಹಾಲ್‌ಗೆ ಫಾಲ್ಸ್ ಸೀಲಿಂಗ್ ಹಾಕಿಸಿ, ನಟ್ಟನಡುವೆ ಬಿಳಿಯ ದೊಡ್ಡದೊಂದು ತಾವರೆ ಮಾಡಿಸಿ, ದಳಗಳ ಸಂದಿಯಲ್ಲಿ ಬಣ್ಣದ ಬಲ್ಬು ಇಡಿಸಿದ್ದರು. ಮೊದಮೊದಲು ಬಂದವರೆಲ್ಲ ಕತ್ತೆತ್ತಿ ನೋಡಿ ಬಾಯಿ ಬಿಡುತ್ತಿದ್ದರು. ಆಮೇಲೆ ಊರಿನ ಇನ್ನೂ ಕೆಲವು ಮನೆಗಳಲ್ಲಿ ತಾವರೆ ಅರಳಿ, ಈಗ ಯಾರೂ ಕತ್ತು ಎತ್ತುತ್ತಿರಲಿಲ್ಲ. ಮನೆಗೆ ಬಂದವರು ಕಾಫಿ ಕುಡಿದು ಸೀದಾ ವಿಷಯಕ್ಕೆ ಬರುತ್ತಿದ್ದರು. ವೀರಪ್ಪನವರಿಗೆ ಇದು ಒಳಗೊಳಗೇ ಕೊರೆಯುತ್ತಿತ್ತು.

ಬಸ್‌ಸ್ಟ್ಯಾಂಡಿನ ಹತ್ತಿರ ಟೈಲ್ಸ್ ಅಂಗಡಿ ಇಟ್ಟಿದ್ದ ಶಶಿಕಿರಣ್ ಬೆಂಗಳೂರಿನಿಂದ ಫ್ಯಾನು ತರಿಸಿಕೊಟ್ಟ. ಡಬ್ಬದ ಮೇಲೊಂದು ಚಿತ್ರವಿತ್ತು: ಫ್ಯಾನಿನಿಂದ ಹೊರಟ ಪೈಪು ಗೋಡೆ ದಾಟಿ ಮನೆಯ ಹೊರಗೆ ಬಾಯಿ ತೆರೆದಿತ್ತು. ಅಂದರೆ ಬಚ್ಚಲಿನ ಹೊರಗೋಡೆಗೆ ಒಂದು ತೂತು ಕೊರೆಯಬೇಕು. ಮನೆಗೆ ಪಾಯ ಇಟ್ಟುಕೊಟ್ಟಿದ್ದ ಕೊಪ್ಪದ ವಾಸ್ತು ಪಂಡಿತರಿಗೆ ವೀರಪ್ಪ ಫೋನ್ ಮಾಡಿದರು.

"ವಾಯುವ್ಯದ ಗೋಡೆ ಅಲ್ವಾ ಅದು?" ಎಂದರು ಪಂಡಿತರು. "ಅಲ್ಲಿ ತೂತು ಕೂಡದು. ಮನೆಯ ಐಶ್ವರ್ಯ ಸೋರಿಹೋಗುತ್ತೆ."

"ವಾಯುವಿನ ಮೂಲೆಯಲ್ಲೇ ಗಾಳಿ ಹೋಗಬಾರದಾ?" ಎಂದು ಗಂಗಾಂಬಿಕೆ ಕೇಳಿದ್ದಕ್ಕೆ, ಶಾಸ್ತ್ರದಲ್ಲಿ ಬಾಯಿ ಹಾಕಬೇಡ ಎಂಬ ಉತ್ತರ ಗಂಡನಿಂದ ಬಂತು.

ಫ್ಯಾನು ಕೂರಿಸಲು ಬಂದ ಎಲೆಕ್ಟ್ರಿಷಿಯನ್ ಸುಂದರೇಶ ಅಂಥದ್ದನ್ನು ಹಿಂದೆ ಕಂಡವನೇ ಅಲ್ಲ. ಆದರೆ ಹಾಗಂತ ಹೇಳುವವನೂ ಅಲ್ಲ. "ಶೃಂಗೇರಿ ಕಡೆ ಬೇಕಾದಷ್ಟು ಹಾಕಿದೀನಿ ಸಾರ್. ಈ ಚಿತ್ರ ಎಲ್ಲ ಫಾರಿನ್ ಮನೆಗೆ. ಗಾಳಿ ಅಲ್ವಾ, ಎಲ್ಲಿಗೆ ಬಿಟ್ರೂ ಹೋಗುತ್ತೆ" ಎಂದ. ಬಚ್ಚಲಿನಿಂದ ಹಾಲ್‌ವರೆಗೂ ಸೀಲಿಂಗಿನ ಮೇಲೆ ಖಾಲಿ ಜಾಗವಿತ್ತು. ಅದರೊಳಗೆ ಪೈಪು ತೂರಿಸಿ, ತಾವರೆಯ ಬೆನ್ನಿಗೆ ತಂದು ಬಿಟ್ಟ. ಫ್ಯಾನಿನ ಬಾಯಿಗೆ ತೆಳ್ಳನೆಯ ಒಂದು ಮುಚ್ಚಳವಿತ್ತು. ಫ್ಯಾನು ನಿಂತಾಗ ಮುಚ್ಚಿಕೊಂಡು, ಹೊರಗಿನ ಗಾಳಿ ಒಳಗೆ ಬಾರದಂತೆ ತಡೆಯುವುದಕ್ಕೆ ಇಟ್ಟದ್ದು. ಟಪಟಪ ಬಡಿದುಕೊಳ್ಳುತ್ತದೆ ಎಂದು ಸುಂದರೇಶ ಅದನ್ನು ಕಿತ್ತು ಜೇಬಿಗೆ ಹಾಕಿಕೊಂಡ. ಲೈಟಿಗೂ ಫ್ಯಾನಿಗೂ ಬೇರೆಬೇರೆ ವೈರು ಬಂದಿದ್ದರೂ ಎರಡನ್ನೂ ಒಂದೇ ಸ್ವಿಚ್ಚಿಗೆ ಕಟ್ಟಿದ.

ಆ ವಾರವೆಲ್ಲ ಬಂದವರಿಗೆ ವೀರಪ್ಪನವರು ಬಚ್ಚಲು ತೋರಿಸಿದರು. ಬೀಗರು, ಮಂಡಿಯ ಗಿರಾಕಿಗಳು, ತಾಲ್ಲೂಕು ಆಫೀಸಿನವರು, ಎಲ್ಲರೂ ಕಾಫಿ ಲೋಟ ಹಿಡಿದುಕೊಂಡು ಬಚ್ಚಲಲ್ಲಿ ಒತ್ತೊತ್ತಾಗಿ ನಿಂತರು. ವೀರಪ್ಪನವರು ಒಂದು ಊದುಬತ್ತಿ ಹಚ್ಚಿ ಫ್ಯಾನಿನ ಕೆಳಗೆ ಹಿಡಿಯುವರು. ಹೊಗೆ ದಾರದಂತೆ ನೆಟ್ಟಗೆ ಮೇಲೇರಿ ಸೀಳಿನೊಳಗೆ ಹೋಗುವುದು. "ಈಗ ಹಾಲ್‌ಗೆ ಬನ್ನಿ" ಎನ್ನುವರು. ಹಾಲ್‌ಗೆ ಬಂದರೆ ತಾವರೆಯಿಂದ ಊದುಬತ್ತಿಯ ಪರಿಮಳ ಇಳಿಯುತ್ತಿರುವುದು. ಜನ ಕತ್ತೆತ್ತಿ ನೋಡುವರು. ವೀರಪ್ಪನವರ ಜೀವ ತಂಪಾಗುವುದು.

ಬಚ್ಚಲಿನಲ್ಲಿ ಯಾವಾಗಲೂ ಊದುಬತ್ತಿಯೇ ಹಚ್ಚಿರುವುದಿಲ್ಲ ಎಂಬುದನ್ನು ಗಂಗಾಂಬಿಕೆ ಒಂದೆರಡು ಸಲ ನೆನಪಿಸಿದರು. ಹಾಲ್‌ನಲ್ಲಿ ಕೂತು ಪಲ್ಯಕ್ಕೆ ಹೆಚ್ಚುವವರು ಅವರು.

ಇಷ್ಟರಲ್ಲಿ ಊರಿನ ಕಲ್ಯಾಣ ಮಂಟಪದ ಸಮಿತಿಗೆ ಹೊಸ ಅಧ್ಯಕ್ಷರನ್ನು ಆರಿಸುವ ಕಾಲ ಬಂತು. ವೀರಪ್ಪನವರಿಗೆ ಅಧ್ಯಕ್ಷರಾಗುವ ಆಸೆ ಬಹಳ ದಿನದ್ದು. ಆದರೆ ಆಸೆ ಇದೆಯೆಂದು ತೋರಿಸಿಕೊಂಡರೆ ಮರ್ಯಾದೆ ಎಲ್ಲಿ ಉಳಿಯಿತು? ಆದ್ದರಿಂದ ಪೇಟೆಯಲ್ಲಿ ಯಾರು ಎದುರು ಸಿಕ್ಕರೂ, "ನಂಗೆ ಪದವಿ ಬೇಡ ಮಾರಾಯ, ಒಂದು ಮೂಲೆಯಲ್ಲಿ ಕೂತು ಸೇವೆ ಮಾಡ್ತೀನಿ" ಎನ್ನುತ್ತಿದ್ದರು. ಮನೆಗೆ ಬಂದು, ಬಚ್ಚಲು ಸೇರಿ, ಚಿಲಕ ಹಾಕಿ, ಸ್ವಿಚ್ಚು ಒತ್ತಿ, ಮೊಬೈಲ್ ತೆಗೆದು ಒಬ್ಬೊಬ್ಬರಿಗೂ ಫೋನ್ ಮಾಡುತ್ತಿದ್ದರು. ಮನೆಯಲ್ಲಿ ಸಿಗ್ನಲ್ ಸರಿಯಾಗಿ ಸಿಗುತ್ತಿದ್ದುದೂ ಬಚ್ಚಲಿನ ಕಿಟಕಿಯ ಹತ್ತಿರ ಮಾತ್ರ. ಫ್ಯಾನಿನ ಗುರ್ರ್ ಸದ್ದಿನಲ್ಲಿ ಏನು ಮಾತಾಡಿದರೂ ಬಾಗಿಲಿನಾಚೆ ಕೇಳುತ್ತಿರಲಿಲ್ಲ. ಫ್ಯಾನು ತನಗೆಂದೇ ಮಾಡಿದ್ದು ಎಂದು ಅವರಿಗೆ ಅನ್ನಿಸಿತು.

ಫ್ಯಾನಿನ ಜೊತೆ ಸಣ್ಣದೊಂದು ಪುಸ್ತಕ ಬಂದಿತ್ತು. ಆಗಾಗ ಮೇನ್ ಆಫ್ ಮಾಡಿ, ಸೀಳುಗಳಿರುವ ಬಿಳಿ ಚೌಕ ಬಿಚ್ಚಿ ಸೋಪಿನ ನೀರಲ್ಲಿ ತೊಳೆದು, ರೆಕ್ಕೆಯ ಧೂಳು ಒರೆಸಬೇಕು ಎಂದು ಅದರಲ್ಲಿ ಬರೆದಿತ್ತು. ವೀರಪ್ಪನವರು ಅದನ್ನು ಪ್ಲಾಸ್ಟಿಕ್ ಕವರಿನ ಸಮೇತ ಶೋಕೇಸಿನಲ್ಲಿ ಇಟ್ಟಿದ್ದರು. ಮಂಡಿಯಿಂದ ಬಂದು ಬಟ್ಟೆ ಬಿಚ್ಚಿ ಕೊಡವುತ್ತಿದ್ದುದು ಅದೇ ಬಚ್ಚಲಲ್ಲಿ. ಭತ್ತದ ಧೂಳು, ಹೊಟ್ಟಿನ ಪುಡಿ ಎಲ್ಲ ಮೇಲೇರಿ, ಹಬೆಯಲ್ಲಿ ನೆನೆದು, ರೆಕ್ಕೆಗೆ ರೊಟ್ಟಿ ಹಿಟ್ಟಿನಂತೆ ಮೆತ್ತಿಕೊಳ್ಳುತ್ತಾ ಹೋಯಿತು. ಗುರ್ರ್ ಎನ್ನುತ್ತಿದ್ದುದು ಮೆಲ್ಲಗೆ ಗೊಣಗತೊಡಗಿತು. ಕಡೆಗೊಂದು ದಿನ ಸದ್ದೇ ನಿಂತಿತು. ಲೈಟು ಮಾತ್ರ ಎಂದಿನಂತೆ ಝಗ್ ಎಂದು ಹತ್ತುತ್ತಿತ್ತು.

"ಫ್ಯಾನ್ ತಿರುಗ್ತಿಲ್ಲ ನೋಡಿ. ಸ್ವಲ್ಪ ಬಿಚ್ಚಿ ಒರೆಸಿ" ಎಂದರು ಗಂಗಾಂಬಿಕೆ.

"ತಿರುಗದೇ ಲೈಟ್ ಹೆಂಗೆ ಬರುತ್ತೆ? ಮಿಷನ್ನು ಪಳಗಿದೆ ಕಣೆ. ಒಳ್ಳೇ ಕಂಪನಿ ಮಾಲು ಪಳಗಿದ ಮೇಲೆ ಸದ್ದು ಮಾಡಲ್ಲ."

"ಹಬೆ ಎಲ್ಲ ಒಳಗೇ ಉಳೀತಿದೆ. ಅಷ್ಟೇ ಅಲ್ಲ, ನೀವು ಅಲ್ಲಿ ಆಡಿದ ಮಾತು..."

"ಫ್ಯಾನಿನ ವಿಚಾರ ನಂಗೆ ಬಿಡು ನೀನು."

ಗಂಗಾಂಬಿಕೆ ಮತ್ತೊಂದು ದಿನ ಹೇಳಹೋದರು. ಆಗಲೂ ಗಂಡ ಮಾತು ಮುಗಿಸಲು ಬಿಡಲಿಲ್ಲ; ಬಾಗಿಲು ಗಟ್ಟಿ ಇದೆಯೆಂದು ಬಚ್ಚಲಿನಿಂದ ಫೋನ್ ಮಾಡುವುದನ್ನೂ ಬಿಡಲಿಲ್ಲ. ಅಷ್ಟಾದ ಮೇಲೆ ಗಂಗಾಂಬಿಕೆಯೂ ಹೇಳುವುದನ್ನು ಬಿಟ್ಟರು. ಗಂಡ ಬಚ್ಚಲಿಗೆ ಹೋದಾಗ ಹೆಚ್ಚುವ ಈಳಿಗೆಮಣೆ ಎತ್ತಿಕೊಂಡು ಅಡಿಗೆಮನೆಗೆ ಹೋಗುವುದನ್ನು ರೂಢಿ ಮಾಡಿಕೊಂಡರು. ಬೇರೆಯವರ ಬಗ್ಗೆ ಗಂಡ ಆಡುವ ಮಾತು ಕೇಳಿ, ಮರುದಿನ ಅವರಿಗೇ ಕಾಫಿ ಕೊಡುವುದು ಅವರಿಗೆ ಹಿಂಸೆಯಾಗುತ್ತಿತ್ತು.

ಸಮಿತಿಯ ಸಭೆ ವೀರಪ್ಪನವರ ಹಾಲ್‌ನಲ್ಲೇ ಸೇರಿತು. ಅದನ್ನೂ ಅವರೇ ಹೊಂದಿಸಿದ್ದರು. ಸಂಜೆ ಹೊತ್ತು. ಶಶಿಕಿರಣ್ ಬಂದ. ಹಿಟ್ಟಿನ ಗಿರಣಿ ನಡೆಸುವ ಪ್ರೇಮಕ್ಕ ಬಂದರು. ಸಮಿತಿಯಲ್ಲಿದ್ದ ಹೆಂಗಸು ಅವರೊಬ್ಬರೇ. ಎಲ್ಲರಿಗಿಂತ ಹಿರಿಯರಾದ ಪುಟ್ಟಯ್ಯನವರು ಕೋಲೂರಿಕೊಂಡು ಬಂದು ಸೋಫಾದ ನಡುವೆ ಕೂತರು. ಅವರಿಗೆ ಕಿವಿ ಬಹಳ ಮಂದ, ಕೂಗಿ ಹೇಳಿದರಷ್ಟೇ ಕೇಳುತ್ತಿತ್ತು. ಇನ್ನೂ ಕೆಲವರು ಗೋಡೆಯ ಪಕ್ಕದ ಕುರ್ಚಿಗಳಲ್ಲಿ ಕೂತರು. ಬಾರದವರೆಂದರೆ ಬಾಳೆಹೊನ್ನೂರಿನ ಸೋಮನಾಥ್ ಒಬ್ಬರು, ವೀರಪ್ಪನವರ ಶಾಲೆಯ ಕಾಲದ ಗೆಳೆಯರು. ಅವರ ಕಾಲು ಉಳುಕಿತ್ತು.

ಖಾರಾಬೂಂದಿ ತಟ್ಟೆ ಎಲ್ಲರ ಕೈಗೆ ಬಂದ ಮೇಲೆ ವೀರಪ್ಪನವರು, "ಒಂದು ನಿಮಿಷ ಬಂದೆ" ಎಂದು ಎದ್ದು ಬಚ್ಚಲಿಗೆ ಹೋದರು. ಚಿಲಕ ಬಿದ್ದ ಸದ್ದಾಯಿತು. ಆಮೇಲೆ ತಾವರೆ ಮಾತಾಡಿತು.

"ಹಲೋ ಸೋಮು, ಕೇಳಿಸ್ತಾ? ಹ್ಞಾ, ಎಲ್ಲ ಬಂದಿದಾರೆ ಮಾರಾಯ. ಕೂತ್ಕೊಂಡು ಖಾರಾಬೂಂದಿ ಮೇಯ್ತಿದಾರೆ."

ಹಾಲ್‌ನಲ್ಲಿದ್ದವರ ಕೈ ತಟ್ಟೆಯಲ್ಲೇ ನಿಂತಿತು. ಒಬ್ಬೊಬ್ಬರಾಗಿ ಕತ್ತೆತ್ತಿದರು.

"ಇಲ್ಲ ಇಲ್ಲ, ಮೊದಲು ಬೇಡ ಅಂತಲೇ ಹೇಳೋದು. ಅವರು ಬಲವಂತ ಮಾಡ್ಬೇಕು, ನಾನು ಕಣ್ಣಲ್ಲಿ ನೀರು ತಂದ್ಕೊಂಡು ಒಪ್ಕೋಬೇಕು... ಶಶಿಕಿರಣನಾ? ಮಂಟಪದ ಟೈಲ್ಸ್ ಎಲ್ಲ ನಿಂದೇ ಅಂದಿದೀನಿ, ಹಿಂದೆ ಹಿಂದೆ ಸುತ್ತುತ್ತಾನೆ. ಕೊಡೋರು ಯಾರು ಅವನಿಗೆ? ಬಚ್ಚಲಿಗೆ ಅವನು ಹಾಕಿದ ಟೈಲ್ಸ್ ಈಗಲೇ ಬಿರುಕು ಬಿಟ್ಟಿದೆ."

ಶಶಿಕಿರಣ್ ಬಾಯಲ್ಲಿದ್ದ ಬೂಂದಿ ಅಗಿಯದೆ ಹಾಗೇ ನುಂಗಿದ.

ಅಡಿಗೆಮನೆಯಿಂದ ಕಾಫಿ ತಂದ ಗಂಗಾಂಬಿಕೆ ಬಾಗಿಲಲ್ಲೇ ಕಲ್ಲಾದರು. ತಟ್ಟನೆ ಒಳಗೆ ಹೋಗಿ, ಏನೂ ಹಾಕದ ಖಾಲಿ ಮಿಕ್ಸಿಯನ್ನು ಜೋರಾಗಿ ತಿರುಗಿಸಿದರು.

"ಗಂಗಕ್ಕ, ಮಿಕ್ಸಿ ಬಂದ್ ಮಾಡ್ರೀ, ಇಲ್ಲಿ ಸರಿಯಾಗಿ ಕೇಳ್ತಿಲ್ಲ" ಎಂದು ಪ್ರೇಮಕ್ಕ ಕೂಗಿದರು. ಮಿಕ್ಸಿ ನಿಂತಿತು.

"...ಪ್ರೇಮಕ್ಕನಾ? ಅಯ್ಯೋ, ಗಿರಣಿಯಾದ್ರೂ ಕರೆಂಟ್ ಹೋದಾಗ ನಿಲ್ಲುತ್ತೆ, ಆಯಮ್ಮನ ಬಾಯಿ ನಿಲ್ಲಲ್ಲ. ರಂಗೋಲಿ ಸಮಿತಿ ಅಂತ ಒಂದು ಮಾಡಿ ಆಚೆ ಕೂರಿಸಿದ್ರಾಯ್ತು. ಇನ್ನು ಪುಟ್ಟಯ್ಯ. ಆ ಕಿವುಡನಿಗೆ ಏನು ಗೊತ್ತಾಗುತ್ತೆ? ಪಕ್ಕದವರು ಕೈ ಎತ್ತಿದ್ರೆ ತಾನೂ ಎತ್ತುತ್ತಾನೆ."

ಪುಟ್ಟಯ್ಯನವರು ಸುತ್ತ ನೋಡಿದರು. "ಎಲ್ಲ ಯಾಕೆ ಮೇಲೆ ನೋಡ್ತಿದೀರಿ? ಹಲ್ಲಿ ಏನಾದ್ರೂ ಬಿತ್ತಾ?"

ಪ್ರೇಮಕ್ಕ ಅವರ ಕಿವಿಯ ಹತ್ತಿರ ಬಾಗಿ, "ವೀರಪ್ಪನವರು ನಿಮ್ಮನ್ನ ಹೊಗಳ್ತಿದಾರೆ" ಎಂದರು.

"ಹೌದಾ? ಪಾಪ, ಒಳ್ಳೆಯವನು" ಎಂದು ಪುಟ್ಟಯ್ಯನವರು ಬೂಂದಿ ಬಾಯಿಗೆ ಹಾಕಿಕೊಂಡರು.

"ಸರಿ ಸೋಮು, ನೀನೊಂದು ಕೆಲಸ ಮಾಡು. ಸ್ವಲ್ಪ ಹೊತ್ತು ಬಿಟ್ಟು ನಮ್ಮನೆ ಲ್ಯಾಂಡ್‌ಲೈನಿಗೆ ಫೋನ್ ಮಾಡು. ವೀರಪ್ಪನೇ ಅಧ್ಯಕ್ಷ ಆಗಬೇಕು, ಇಲ್ಲದಿದ್ರೆ ನಾನು ಸಮಿತಿ ಬಿಡ್ತೀನಿ ಅಂತ ಜೋರಾಗಿ ಹೇಳು. ಸ್ವಲ್ಪ ಸಿಟ್ಟು ಇರಲಿ. ಹ್ಞಾ, ಇಡ್ತೀನಿ."

ಬಚ್ಚಲಿಗೆ ಹೋದದ್ದಕ್ಕೆ ಸಾಕ್ಷಿ ಇರಲೆಂದು ವೀರಪ್ಪನವರು ಫ್ಲಶ್ ಒತ್ತಿದರು. ಆ ಸದ್ದೂ ತಾವರೆಯಿಂದ ಧೋ ಎಂದು ಇಳಿಯಿತು.

ಒಣಗಿದ ಕೈಯನ್ನು ಪಂಚೆಗೆ ಒರೆಸಿಕೊಳ್ಳುತ್ತ ಬಂದು ಕೂತ ವೀರಪ್ಪನವರಿಗೆ ಎಲ್ಲರೂ ತಮ್ಮನ್ನೇ ನೋಡುತ್ತಿರುವುದು ಕಂಡಿತು. ಗೌರವದಿಂದ ಎಂದುಕೊಂಡರು. ಕೆಮ್ಮಿ ಗಂಟಲು ಸರಿ ಮಾಡಿಕೊಂಡು ಶುರು ಮಾಡಿದರು. "ನೋಡಿ, ನನ್ನ ಹೆಸರು ಯಾರೂ ಹೇಳಬೇಡಿ. ನಂಗೆ ಪದವಿಯ ಆಸೆ ಇಲ್ಲ. ನಂಗೆ ಬೇಡ."

"ಆಯ್ತು" ಎಂದರು ಪ್ರೇಮಕ್ಕ.

ವೀರಪ್ಪನವರು ಅವರತ್ತ ತಿರುಗಿದರು. "ಅಲ್ಲ, ಈಗ ಎಲ್ಲರೂ ಒತ್ತಾಯ ಮಾಡ್ತೀರಿ ಅಂತ ಗೊತ್ತು..."

"ಒತ್ತಾಯ ಯಾಕೆ ಮಾಡೋಣ? ಅಷ್ಟು ಬಾಯಿಬಿಟ್ಟು ಬೇಡ ಅಂತೀರಿ. ದೊಡ್ಡವರ ಮಾತಿಗೆ ಬೆಲೆ ಕೊಡ್ಬೇಕಲ್ವಾ?" ಎಂದು ಪ್ರೇಮಕ್ಕ ಚಪ್ಪಾಳೆ ತಟ್ಟಿದರು. ಗೋಡೆ ಬದಿಯವರೂ ತಟ್ಟಿದರು.

ಆಗಲೇ ಲ್ಯಾಂಡ್‌ಲೈನ್ ರಿಂಗಾಯಿತು. ವೀರಪ್ಪನವರು ಏಳುವಷ್ಟರಲ್ಲಿ ಪ್ರೇಮಕ್ಕ ಎತ್ತಿಕೊಂಡಿದ್ದರು. ಆ ಕಡೆಯಿಂದ ಸೋಮನಾಥ್ ಸಿಟ್ಟಿನಲ್ಲಿ ಏನೋ ಗದರುವುದು ಹಾಲ್‌ಗೆಲ್ಲ ಕೇಳಿಸಿತು. "ಕೇಳಿಸ್ತು ಸೋಮನಾಥಣ್ಣ. ಸಿಟ್ಟು ಇನ್ನೊಂಚೂರು ಬೇಕಿತ್ತು. ಕಾಲು ಹೆಂಗಿದೆ?" ಎಂದು ವಿಚಾರಿಸಿ ಪ್ರೇಮಕ್ಕ ಫೋನ್ ಇಟ್ಟರು.

ವೀರಪ್ಪನವರ ಮುಖ ಬಿಳಿಚಿಕೊಂಡಿತು. ಏನೋ ಎಡವಟ್ಟಾಗಿದೆ ಎಂದು ಗೊತ್ತಾಯಿತು, ಏನೆಂದು ಗೊತ್ತಾಗಲಿಲ್ಲ. ಶಶಿಕಿರಣ್ ಎದ್ದು ನಿಂತು, ವೀರಪ್ಪನವರ ಕಡೆ ನೋಡದೆ, "ನಾನು ಪುಟ್ಟಯ್ಯನವರ ಹೆಸರು ಹೇಳ್ತೀನಿ" ಎಂದ. ಎಲ್ಲರೂ ಕೈ ಎತ್ತಿದರು. ಪಕ್ಕದವರು ಎತ್ತಿದ್ದು ನೋಡಿ ಪುಟ್ಟಯ್ಯನವರೂ ಎತ್ತಿದರು. ಉಳಿದದ್ದು ಒಂದೇ ಕೈ. ಎಲ್ಲರ ಕಣ್ಣೂ ಅದರ ಮೇಲೆ ಬಿದ್ದಾಗ ಅದೂ ನಿಧಾನಕ್ಕೆ ಮೇಲೆದ್ದಿತು. ಸರ್ವಾನುಮತದ ಆಯ್ಕೆ.

ಎಲ್ಲ ಹೋದ ಮೇಲೆ ವೀರಪ್ಪನವರು ಸೋಫಾದಲ್ಲಿ ಕುಸಿದು ಕೂತರು. "ಏನಾಯ್ತೇ ಇವರಿಗೆ? ಯಾರೋ ಚಾಡಿ ಹೇಳಿದಾರೆ."

ಗಂಗಾಂಬಿಕೆ ಬಚ್ಚಲಿಗೆ ಹೋಗಿ ಚಿಲಕ ಹಾಕಿಕೊಂಡರು. ಒಂದು ಗಳಿಗೆಯಲ್ಲಿ, ಕೂತಿದ್ದ ವೀರಪ್ಪನವರ ನೆತ್ತಿಯ ಮೇಲಿನಿಂದ ಅವರ ದನಿ, ಎಂದಿನ ದನಿಯೇ, ತೀರಾ ಸ್ಪಷ್ಟವಾಗಿ ಬಂತು: "ನಿಮ್ಮ ಕಾಫಿ ತಣ್ಣಗಾಗಿದೆ. ಬಿಸಿ ಮಾಡಿ ಕೊಡ್ಲಾ?"

ವೀರಪ್ಪನವರು ತಾವರೆ ನೋಡುತ್ತಾ ಕೂತೇ ಇದ್ದರು. ಒಂದೊಂದೇ ಫೋನು, ಒಂದೊಂದೇ ಮಾತು ಮನಸ್ಸಿಗೆ ಬಂತು. ಹೆಂಡತಿ ಹೊರಗೆ ಬಂದಾಗ, "ಮೊದಲೇ ಹೇಳ್ಬಾರದಿತ್ತಾ?" ಎನ್ನಲು ಬಾಯಿ ತೆರೆದವರು, ಅವರ ಮುಖ ನೋಡಿ ಮುಚ್ಚಿಕೊಂಡರು.

ಮರುದಿನ ಮಂಡಿಗೆ ಹೋಗಲಿಲ್ಲ. ಶೋಕೇಸಿನಿಂದ ಪುಸ್ತಕ ತೆಗೆದು ಓದಿದರು. ಮೇನ್ ಆಫ್ ಮಾಡಿ, ಸ್ಟೂಲು ಹತ್ತಿ, ಬಿಳಿ ಚೌಕ ಬಿಚ್ಚಿದಾಗ ಬೂದು ಬಣ್ಣದ ಹೆಂಟೆಯೊಂದು ಮುಖದ ಮೇಲೇ ಬಿತ್ತು. ಗಂಗಾಂಬಿಕೆ ಕೆಳಗೆ ನಿಂತು ಬಟ್ಟೆ, ಹಳೆಯ ಬ್ರಷ್ಷು, ಸೋಪಿನ ನೀರು ಎತ್ತಿ ಕೊಟ್ಟರು. ರೆಕ್ಕೆಗೆ ಮೆತ್ತಿದ್ದನ್ನೆಲ್ಲ ಕೆರೆದು, ಒಣಬಟ್ಟೆಯಲ್ಲಿ ಒರೆಸಿ, ಬೆರಳಲ್ಲಿ ತಟ್ಟಿದಾಗ ರೆಕ್ಕೆ ಹಗುರಾಗಿ ತಿರುಗಿತು. ಬಹಳ ದಿನದ ಮೇಲೆ ವೀರಪ್ಪನವರು ಸುಮ್ಮನೆ ನಕ್ಕರು.

ಸುಂದರೇಶನನ್ನು ಕರೆಸಿ, ವಾಯುವ್ಯದ ಗೋಡೆ ಕೊರೆಸಿ, ಪೈಪನ್ನು ಹೊರಗೆ ಬಿಡಿಸಿದರು. ಪಂಡಿತರಿಗೆ ಫೋನ್ ಮಾಡಲಿಲ್ಲ. "ನಾನು ಆವತ್ತೇ ಹೇಳಿದ್ದೆ ಸಾರ್, ಹೊರಗೇ ಬಿಡ್ಬೇಕು ಅಂತ" ಎಂದ ಸುಂದರೇಶ. ಕಿತ್ತುಕೊಂಡು ಹೋಗಿದ್ದ ಮುಚ್ಚಳವನ್ನು ಅವನು ಎಲ್ಲೋ ಕಳೆದಿದ್ದ. ಶಶಿಕಿರಣನ ಅಂಗಡಿಯಿಂದ ಬೇರೆ ತರಿಸಬೇಕಾಯಿತು. ವೀರಪ್ಪನವರೇ ಹೋಗಿ ಕೇಳಿದರು. ಶಶಿಕಿರಣ್ ತರಿಸಿಕೊಟ್ಟ, ಆದರೆ ಕೂತುಕೊಳ್ಳಿ ಎನ್ನಲಿಲ್ಲ. ಗಿರಣಿಗೂ ಹೋದರು. ಪ್ರೇಮಕ್ಕ ಕ್ಷಮೆ ಕೇಳಿಸಿಕೊಂಡರು, ಆಮೇಲೆ ತಾವು ಹೇಳುವುದನ್ನು ಹೇಳಿದರು. ಅದು ಮುಗಿಯುವ ಹೊತ್ತಿಗೆ ಎರಡು ಸಲ ಕರೆಂಟ್ ಹೋಗಿ ಬಂದಿತ್ತು.

ಉಳಿದವರು ಪುಟ್ಟಯ್ಯನವರು. ಅವರ ಮನೆ ಪೇಟೆ ಬೀದಿಯಲ್ಲಿ, ಎದುರಿಗೇ ಚಹಾದ ಹೋಟೆಲು. ಜಗಲಿಯಲ್ಲಿ ಕೂತಿದ್ದ ಪುಟ್ಟಯ್ಯನವರು ವೀರಪ್ಪನವರ ಕೈ ಹಿಡಿದು ಪಕ್ಕದಲ್ಲಿ ಕೂರಿಸಿಕೊಂಡರು.

"ಆವತ್ತು ನೀನು ನನ್ನನ್ನ ಬಹಳ ಹೊಗಳಿದೆಯಂತೆ. ಪ್ರೇಮ ಹೇಳಿದ್ಲು. ಈ ವಯಸ್ಸಿಗೆ ಅಧ್ಯಕ್ಷ ಆದೆ ಅಂದ್ರೆ ನಿನ್ನಿಂದ."

"ಹೊಗಳಿದ್ದಲ್ಲ ಪುಟ್ಟಯ್ಯನವರೇ, ತಪ್ಪು ಮಾತಾಡಿದೆ" ಎಂದರು ವೀರಪ್ಪನವರು ಮೆಲ್ಲಗೆ.

"ಏನಂದೆ? ಜೋರಾಗಿ ಹೇಳು."

ಹೋಟೆಲಿನ ಬೆಂಚಿನಲ್ಲಿ ಕೂತವರು ಇತ್ತ ತಿರುಗಿದರು. ಸುಮ್ಮನೆ ತಲೆಯಾಡಿಸಿ ಎದ್ದು ಬಂದಿದ್ದರೆ ಹೊಗಳಿಕೆ ಹಾಗೇ ಉಳಿಯುತ್ತಿತ್ತು. ವೀರಪ್ಪನವರಿಗೂ ಅದು ಹೊಳೆಯದೆ ಇರಲಿಲ್ಲ. ಒಮ್ಮೆ ಬೀದಿ ನೋಡಿದರು, ಒಮ್ಮೆ ಮುದುಕರ ಮುಖ ನೋಡಿದರು. ಆಮೇಲೆ ಉಸಿರೆಳೆದುಕೊಂಡು ಇಡೀ ಬೀದಿಗೆ ಕೇಳುವಂತೆ ಕೂಗಿದರು. "ನಿಮ್ಮನ್ನ ಕಿವುಡ ಅಂದಿದ್ದೆ! ಏನೂ ಗೊತ್ತಾಗಲ್ಲ ಅಂದಿದ್ದೆ! ತಪ್ಪಾಯ್ತು!"

ಚಹಾ ಸೋಸುತ್ತಿದ್ದವನ ಕೈ ಅಲ್ಲೇ ನಿಂತಿತು.

"ಕಿವುಡನೇ ಅಲ್ವಾ ನಾನು? ಅದಕ್ಕೆ ಯಾಕೆ ಇಷ್ಟು ಕೂಗ್ತೀಯ" ಎಂದು ಪುಟ್ಟಯ್ಯನವರು ಕೋಲೂರಿ ಎದ್ದರು. "ಬಾ, ಮಂಟಪಕ್ಕೆ ಹೋಗೋಣ. ಅಲ್ಲಿ ಮದುಮಗಳ ಕೋಣೆಯ ಬಚ್ಚಲು ಹಬೆಗೆ ಕಪ್ಪಾಗಿ ಹೋಗಿದೆ. ನಿಮ್ಮನೇಲಿ ಎಂತದೋ ಲೈಟಿರೋ ಫ್ಯಾನ್ ಇದೆಯಂತಲ್ಲ, ಅಂಥದ್ದು ಹಾಕ್ಸು."

ಇಬ್ಬರೂ ನಿಧಾನಕ್ಕೆ ನಡೆದುಹೋದರು. ಮಂಟಪದ ಬಚ್ಚಲಲ್ಲಿ ವೀರಪ್ಪನವರು ಗೋಡೆಗಳನ್ನು ಒಂದೊಂದಾಗಿ ತಟ್ಟಿ ನೋಡಿದರು. ಹೊರಗೆ ಹೋಗಿ ಮಂಟಪಕ್ಕೆ ಒಂದು ಸುತ್ತು ಹಾಕಿ, ಒಂದು ಕಡೆ ನಿಂತು ಇಲ್ಲಿ ಕೊರೆಯಬೇಕು ಎಂದು ಸುಣ್ಣದ ಗೋಡೆಯ ಮೇಲೆ ಉಗುರಿನಲ್ಲಿ ಗುರುತು ಮಾಡಿದರು. ಪುಟ್ಟಯ್ಯನವರು ಬಾವಿಕಟ್ಟೆಯ ಮೇಲೆ ಕೂತು ಎಲೆಗೆ ಸುಣ್ಣ ಹಚ್ಚುತ್ತಾ, ಆಗಲಿ ಆಗಲಿ ಎಂದು ತಲೆಯಾಡಿಸಿದರು.